ಯಾರ ಸಾಕ್ಷಿಯನ್ನು ನಂಬೋಣ?

ಭಾನುವಾರದ ಬಲಿಪೂಜೆ ಮುಗಿದ ಮೇಲೆ ಚರ್ಚಿನ ಅಂಗಳದಲ್ಲಿ ಹತ್ತು ನಿಮಿಷ ನಿಂತು ಮಾತನಾಡುವುದು ನಮ್ಮೆಲ್ಲರ ರೂಢಿ. ಮಳೆ, ಬೆಳೆ, ಮಕ್ಕಳ ಪರೀಕ್ಷೆ, ವಾರ್ಷಿಕ ಹಬ್ಬದ ವಂತಿಗೆ, ಇವೆಲ್ಲ ಆದ ಮೇಲೆ ಯಾರದಾದರೂ ಮನೆಯ ಸುದ್ದಿ ಬಂದೇ ಬರುತ್ತದೆ. ನಮ್ಮ ರಾಜ್ಯದಲ್ಲಿ ಸಾರಾಯಿ ನಿಷೇಧವಾದದ್ದು 2007ರಲ್ಲಿ. ಅದಕ್ಕೂ ಎಷ್ಟೋ ವರ್ಷ ಮೊದಲಿನ ಒಂದು ಭಾನುವಾರ ನಮ್ಮ ಅಂಗಳದಲ್ಲಿ ಇದ್ದದ್ದು ಒಂದೇ ಸುದ್ದಿ. ನಮ್ಮದೇ ಧರ್ಮಕೇಂದ್ರದ ಒಬ್ಬ ಹೆಡ್ ಕಾನ್ಸ್‌ಟೇಬಲ್, ನಾವೆಲ್ಲ ದಫೇದಾರ್ರು ಎಂದು ಕರೆಯುತ್ತಿದ್ದವರು, 500 ರೂಪಾಯಿ ಲಂಚ ಪಡೆದರೆಂದು ಸಿಕ್ಕಿಬಿದ್ದಿದ್ದರು. ದೂರು ಕೊಟ್ಟವನು ಪಕ್ಕದ ಬೀದಿಯ ಸಾರಾಯಿ ಅಂಗಡಿಯವನು.

"ವಾರ ತಪ್ಪದೆ ಪೂಜೆಗೆ ಬರೋರು, ಅವರು ಲಂಚ ತಗೋತಾರೇನ್ರೀ?" ಎಂದರು ಒಬ್ಬರು. "ಪೊಲೀಸಿನೋರಲ್ವಾ, ತಗೊಂಡೇ ಇರ್ತಾರೆ ಬಿಡಿ" ಎಂದರು ಇನ್ನೊಬ್ಬರು. ನಾನೂ ಸುಮ್ಮನಿರಲಿಲ್ಲ. "ಸಾರಾಯಿ ಮಾರೋನ ಬಾಯಲ್ಲಿ ಸತ್ಯ ಬರೋದುಂಟೇ?" ಎಂದೆ. ಸುತ್ತಲಿದ್ದವರು ತಲೆಯಾಡಿಸಿದರು. ನಾನು ಶಾಲಾ ಮಾಸ್ತರ. ನನ್ನ ಮಾತಿಗೆ ಊರಿನಲ್ಲಿ ಒಂದಿಷ್ಟು ತೂಕವಿತ್ತು.

ಈಗ ಯೋಚಿಸಿ ನೋಡಿ. ನಾವು ಮೂವರೂ ತೀರ್ಪು ಕೊಟ್ಟಿದ್ದೆವು. ಒಬ್ಬರು ಪೂಜೆಯನ್ನು ನೋಡಿ, ಒಬ್ಬರು ಖಾಕಿಯನ್ನು ನೋಡಿ, ನಾನು ಸಾರಾಯಿಯನ್ನು ನೋಡಿ. ಆ ದಿನ ಠಾಣೆಯ ಹಿಂದಿನ ಹೋಟೆಲಿನಲ್ಲಿ ನಡೆದದ್ದೇನು ಎಂದು ಕೇಳಿದವರು ನಮ್ಮಲ್ಲಿ ಯಾರೂ ಇರಲಿಲ್ಲ.

ಸಾಕ್ಷಿಯ ಮಾತನ್ನು ನಂಬುವುದು ಅಥವಾ ಬಿಡುವುದು ನ್ಯಾಯಾಧೀಶರ ಕೆಲಸ, ನಮಗೇಕೆ ಎಂದು ನೀವು ಕೇಳಬಹುದು. ಆದರೆ ನಾವು ದಿನವೂ ಆ ಕೆಲಸ ಮಾಡುತ್ತಲೇ ಇರುತ್ತೇವೆ. ನ್ಯಾಯಾಧೀಶರು ಪ್ರಮಾಣ ಮಾಡಿಸಿ, ಪಾಟೀಸವಾಲು ಕೇಳಿ, ಕಾರಣ ಬರೆದು ಮಾಡುವುದನ್ನು ನಾವು ಅಂಗಳದಲ್ಲಿ ಎರಡು ನಿಮಿಷದಲ್ಲಿ ಮುಗಿಸುತ್ತೇವೆ. ಆದುದರಿಂದ ಅವರು ಅದನ್ನು ಹೇಗೆ ಮಾಡುತ್ತಾರೆ ಎಂದು ತಿಳಿದುಕೊಳ್ಳುವುದು ನಮ್ಮ ಆತ್ಮಕ್ಕೂ ಒಳ್ಳೆಯದು.

ಪುಡಿ ಹೇಳುವ ಸಾಕ್ಷಿ

ಲಂಚ ಬಾಗಿಲ ಮರೆಯಲ್ಲಿ ನಡೆಯುವ ವ್ಯವಹಾರ. ಕೊಡುವವನಿಗೂ ತೆಗೆದುಕೊಳ್ಳುವವನಿಗೂ ಬಿಟ್ಟು ಮೂರನೆಯವರಿಗೆ ಗೊತ್ತಾಗುವುದು ಅಪರೂಪ. ಅದಕ್ಕೇ ಪೊಲೀಸರು ಬಲೆ ಬೀಸುವ ಕ್ರಮವನ್ನು ಇಟ್ಟುಕೊಂಡಿದ್ದಾರೆ. ದೂರುದಾರ ಬರೆದುಕೊಟ್ಟ ದೂರನ್ನು ದಾಖಲಿಸಿದ ಮೇಲೆ ಇಬ್ಬರು ಪಂಚರನ್ನು ಕರೆಸುತ್ತಾರೆ. ಸಾಮಾನ್ಯವಾಗಿ ಇವರು ಬೇರೆ ಸರ್ಕಾರಿ ಕಚೇರಿಗಳ ನೌಕರರು. ಅವರೆದುರಿಗೆ ನೋಟುಗಳ ನಂಬರು ಬರೆದುಕೊಂಡು, ನೋಟಿಗೆ ಫಿನಾಫ್ತಲೀನ್ ಎಂಬ ಪುಡಿ ಸವರುತ್ತಾರೆ. "ಅವರು ಕೇಳಿದರೆ ಮಾತ್ರ ಕೊಡು" ಎಂದು ದೂರುದಾರನಿಗೆ ಹೇಳಿ ಕಳಿಸುತ್ತಾರೆ. ಪಂಚರಲ್ಲಿ ಒಬ್ಬ ಅವನ ಜೊತೆಗೇ ಹೋಗಿ, ನೋಡಿದ್ದನ್ನೂ ಕೇಳಿದ್ದನ್ನೂ ನೆನಪಿನಲ್ಲಿಟ್ಟುಕೊಳ್ಳಬೇಕು. ಅವನನ್ನು ನೆರಳು ಸಾಕ್ಷಿ ಎನ್ನುತ್ತಾರೆ. ಹಣ ಕೈಬದಲಾದ ಮೇಲೆ ಆರೋಪಿಯ ಬೆರಳುಗಳನ್ನು ಸೋಡಿಯಂ ಕಾರ್ಬೊನೇಟ್ ಬೆರೆಸಿದ ನೀರಿನಲ್ಲಿ ಅದ್ದಿಸುತ್ತಾರೆ. ಪುಡಿ ತಾಗಿದ್ದರೆ ನೀರು ಗುಲಾಬಿ ಬಣ್ಣಕ್ಕೆ ತಿರುಗುತ್ತದೆ. ಎಲ್ಲವನ್ನೂ ಮಹಜರಿನಲ್ಲಿ ಬರೆದು ಸಹಿ ಹಾಕಿಸುತ್ತಾರೆ.

ಪುಡಿ ಸುಳ್ಳು ಹೇಳುವುದಿಲ್ಲ. ಆದರೆ ಅದಕ್ಕೆ ಗೊತ್ತಿರುವುದು ಒಂದೇ ಸಂಗತಿ: ಆ ನೋಟು ಈ ಕೈಗೆ ತಾಗಿತು. ಏಕೆ ತಾಗಿತು ಎಂಬುದು ಅದಕ್ಕೆ ಗೊತ್ತಿಲ್ಲ. ಹಳೆಯ ಸಾಲ ತೀರಿಸಿದ ಹಣವೋ, ಬಲವಂತವಾಗಿ ಜೇಬಿಗೆ ತುರುಕಿದ್ದೋ, ಕೇಳಿ ಪಡೆದ ಲಂಚವೋ, ನೀರಿನ ಬಣ್ಣ ಎಲ್ಲದಕ್ಕೂ ಒಂದೇ. ಅದಕ್ಕಾಗಿಯೇ ನಮ್ಮ ಸುಪ್ರೀಂ ಕೋರ್ಟು 2014ರಲ್ಲಿ ಬಿ. ಜಯರಾಜ್ ಮೊಕದ್ದಮೆಯಲ್ಲಿ, ಹಣ ಸಿಕ್ಕಿತು ಎಂದ ಮಾತ್ರಕ್ಕೆ ಅಪರಾಧ ರುಜುವಾಗದು, ಲಂಚ ಕೇಳಿದ್ದೂ ರುಜುವಾಗಬೇಕು ಎಂದು ತೀರ್ಪು ಕೊಟ್ಟಿತು. ಕೇಳಿದ್ದನ್ನು ಹೇಳಬೇಕಾದವನು ಮನುಷ್ಯ. ಆದುದರಿಂದ ಎಷ್ಟೇ ಪುಡಿ, ಎಷ್ಟೇ ಯಂತ್ರ ಬಂದರೂ ಕೊನೆಗೆ ಒಬ್ಬ ಮನುಷ್ಯನ ನಾಲಿಗೆಯ ಮೇಲೆ ನ್ಯಾಯ ನಿಲ್ಲುತ್ತದೆ.

ಆ ಮನುಷ್ಯ ಎಂಥವನು? ಲಂಚದ ಮೊಕದ್ದಮೆಯಲ್ಲಿ ಮಡಿಬಟ್ಟೆಯುಟ್ಟ ಸಾಕ್ಷಿ ಸಿಗುವುದು ಕಷ್ಟ. ದೂರುದಾರನಿಗೆ ಆ ಪೊಲೀಸಿನವನ ಮೇಲೆ ಮೊದಲೇ ಸಿಟ್ಟಿರುತ್ತದೆ. ಅವನೇ ಜೂಜು ಆಡಿಸುವವನೋ, ಕಳ್ಳಮಾಲು ಸಾಗಿಸುವವನೋ ಆಗಿರಬಹುದು. ಬಲೆ ಬೀಸಿದ ಅಧಿಕಾರಿಗೆ ತನ್ನ ಬಲೆ ಬರಿದಾಗಬಾರದೆಂಬ ಆಸೆಯಿರುತ್ತದೆ. ಇಂಥವರ ಮಾತನ್ನು ತೆಗೆದುಹಾಕೋಣವೇ? ತೆಗೆದುಹಾಕಿದರೆ ಲಂಚಕೋರನಿಗೆ ಅದಕ್ಕಿಂತ ದೊಡ್ಡ ರಕ್ಷಣೆ ಇನ್ನೊಂದಿಲ್ಲ. ಪಾಪಿಗಳಿಂದ ಮಾತ್ರ ಹಣ ಕೀಳುತ್ತಾ ಹೋದರೆ ಸಾಕು, ಅವನ ಮೇಲೆ ಯಾರ ಸಾಕ್ಷಿಯೂ ನಡೆಯದು!

ಬ್ರಿಸ್ಬೇನಿನ ಎರಡು ಸಾಕ್ಷಿಗಳು

ಆಸ್ಟ್ರೇಲಿಯಾದ ಕ್ವೀನ್ಸ್‌ಲ್ಯಾಂಡ್ ರಾಜ್ಯದಲ್ಲಿ ನಡೆದದ್ದನ್ನು ಕೇಳಿ. ಅದರ ರಾಜಧಾನಿ ಬ್ರಿಸ್ಬೇನಿನಲ್ಲಿ, ನ್ಯಾಷನಲ್ ಹೋಟೆಲ್ ಎಂಬಲ್ಲಿ ಪೊಲೀಸರ ನಡತೆ ಸರಿಯಿಲ್ಲವೆಂಬ ದೂರುಗಳ ಬಗ್ಗೆ 1963-64ರಲ್ಲಿ ವಿಚಾರಣಾ ಆಯೋಗ ಕುಳಿತಿತು. ಶರ್ಲಿ ಬ್ರಿಫ್‌ಮನ್ ಎಂಬ ಹೆಂಗಸು ಅಲ್ಲಿ ಪೊಲೀಸರ ಪರವಾಗಿ ಸಾಕ್ಷಿ ಹೇಳಿದಳು. ತಾನು ವೇಶ್ಯೆಯಲ್ಲ ಎಂದೂ ಹೇಳಿದಳು. 1971ರಲ್ಲಿ ಅವಳೇ ಟೆಲಿವಿಷನ್‌ನಲ್ಲಿ ಕಾಣಿಸಿಕೊಂಡು, ಅಂದು ಹೇಳಿದ್ದು ಸುಳ್ಳು, ತಾನು ಆ ಕಸುಬಿನವಳೇ, ಪೊಲೀಸರಿಗೆ ಹಣ ಕೊಡುತ್ತಿದ್ದೆ ಎಂದಳು. ಅವಳ ಹೇಳಿಕೆಯ ಆಧಾರದಿಂದ 1972ರ ಆರಂಭದಲ್ಲಿ ಒಬ್ಬ ಪತ್ತೇದಾರಿ ಅಧಿಕಾರಿಯ ಮೇಲೆ ಸುಳ್ಳುಸಾಕ್ಷಿಯ ಆರೋಪ ಹೊರಿಸಲಾಯಿತು. ಅದೇ ವರ್ಷದ ಮಾರ್ಚಿನಲ್ಲಿ ಅವಳು ತನ್ನ ಮನೆಯಲ್ಲಿ ಸತ್ತು ಬಿದ್ದಿದ್ದಳು. ಮೊಕದ್ದಮೆಯೂ ಬಿದ್ದುಹೋಯಿತು.

ಹದಿನೈದು ವರ್ಷ ಕಳೆದವು. 1987ರಲ್ಲಿ ಟೋನಿ ಫಿಟ್ಜ್‌ಜೆರಾಲ್ಡ್ ಅವರ ನೇತೃತ್ವದಲ್ಲಿ ಇನ್ನೊಂದು ವಿಚಾರಣೆ ಆರಂಭವಾಯಿತು. 1988ರಲ್ಲಿ ಅದರ ಮುಂದೆ ಜ್ಯಾಕ್ ಹರ್ಬರ್ಟ್ ಎಂಬಾತ ಬಂದ. ಅವನು ಮಾಜಿ ಪೊಲೀಸ್. ಜೂಜುಕಟ್ಟೆಗಳಿಂದಲೂ ವೇಶ್ಯಾಗೃಹಗಳಿಂದಲೂ ಹಣ ವಸೂಲಿ ಮಾಡಿ ಪೊಲೀಸರಿಗೆ ಹಂಚುತ್ತಿದ್ದವನೇ ಅವನು. ಶಿಕ್ಷೆಯಿಂದ ವಿನಾಯಿತಿ ಸಿಗುತ್ತದೆಂಬ ಮಾತಿನ ಮೇಲೆ ಅವನು ಬಾಯಿಬಿಟ್ಟ. ಹಣ ತೆಗೆದುಕೊಂಡವರಲ್ಲಿ ಪೊಲೀಸ್ ಕಮಿಷನರ್ ಟೆರಿ ಲೂಯಿಸ್ ಕೂಡ ಇದ್ದರು ಎಂದು ಹೇಳಿದ. 1991ರಲ್ಲಿ ಜ್ಯೂರಿ ಲೂಯಿಸರನ್ನು ಅಪರಾಧಿ ಎಂದಿತು. 14 ವರ್ಷಗಳ ಸೆರೆವಾಸ ವಿಧಿಸಲಾಯಿತು. ತಾನು ನಿರಪರಾಧಿ ಎಂದು ಲೂಯಿಸ್ ಕೊನೆಯವರೆಗೂ ಹೇಳುತ್ತಿದ್ದರು. ಅವರು 2023ರಲ್ಲಿ ತೀರಿಕೊಂಡರು.

ಇಬ್ಬರು ಸಾಕ್ಷಿಗಳನ್ನೂ ಅಕ್ಕಪಕ್ಕ ನಿಲ್ಲಿಸಿ ನೋಡಿ. ಇಬ್ಬರೂ ಕೊಳಕಿನೊಳಗೆ ಇದ್ದವರೇ. ಬ್ರಿಫ್‌ಮನ್ ಹಿಂದೊಮ್ಮೆ ಸುಳ್ಳು ಹೇಳಿದ್ದಳು, ಹರ್ಬರ್ಟ್ ವರ್ಷಗಟ್ಟಲೆ ಸುಳ್ಳಿನಲ್ಲೇ ಬಾಳಿದ್ದ. ಬಾಯಿಬಿಟ್ಟದ್ದರಿಂದ ಅವನಿಗೆ ಬಿಡುಗಡೆಯ ಲಾಭವಿತ್ತು, ಅವಳಿಗೆ ಹಳೆಯ ಸುಳ್ಳಿನ ಅವಮಾನ ಮಾತ್ರ ಉಳಿಯಿತು. ಅವಳು ಹೇಳಿದ್ದೆಲ್ಲವೂ ನಿಜ ಎಂದು ನಾನು ವಾದಿಸುತ್ತಿಲ್ಲ. ಆದರೆ ಅವನ ಮಾತು ನ್ಯಾಯದ ತಕ್ಕಡಿಗೆ ಏರಿತು, ಅವಳ ಮಾತು ಏರುವ ಮೊದಲೇ ಮಣ್ಣಾಯಿತು. "ಅಂಥವಳ ಮಾತೇನು!" ಎಂದು ಕೈಕೊಡವಿಕೊಂಡವರು ಅಂದೂ ಇದ್ದಿರಲೇಬೇಕು. ನಮ್ಮ ಅಂಗಳದಲ್ಲಿ ನಾನಿದ್ದೆನಲ್ಲ!

ನ್ಯಾಯಾಲಯದ ಮೊರ

ಹಾಗಾದರೆ ಕೊಳೆಯಾದ ಬಾಯಿಂದ ಬಂದ ಮಾತನ್ನು ತೂಗುವುದು ಹೇಗೆ? ನಮ್ಮ ದೇಶದ ನ್ಯಾಯಾಲಯಗಳು ಅನುಭವದಿಂದ ಕಲಿತ ಕೆಲವು ಪಾಠಗಳಿವೆ.

ಮೊದಲನೆಯದು, ತಲೆ ಎಣಿಸಬೇಡ, ತೂಗಿ ನೋಡು. ಒಂದು ಸಂಗತಿಯ ರುಜುವಾತಿಗೆ ಇಂತಿಷ್ಟೇ ಸಾಕ್ಷಿಗಳು ಬೇಕೆಂದು 1872ರ ಸಾಕ್ಷ್ಯ ಕಾಯಿದೆ ಹೇಳಲಿಲ್ಲ. 2024ರ ಜುಲೈ 1ರಿಂದ ಜಾರಿಗೆ ಬಂದ ಹೊಸ ಕಾಯಿದೆಯೂ ಹೇಳುವುದಿಲ್ಲ. 1957ರಲ್ಲಿ ಸುಪ್ರೀಂ ಕೋರ್ಟು ಸಾಕ್ಷಿಗಳನ್ನು ಮೂರು ಬಗೆಯಾಗಿ ವಿಂಗಡಿಸಿತು: ಪೂರ್ತಿ ನಂಬಬಹುದಾದವರು, ಸ್ವಲ್ಪವೂ ನಂಬಲಾಗದವರು, ಇವೆರಡೂ ಅಲ್ಲದವರು. ಮೊದಲ ಬಗೆಯವನು ಒಬ್ಬನಿದ್ದರೂ ಸಾಕು. ಎರಡನೆಯ ಬಗೆಯವನ ಮಾತಿನ ಮೇಲೆ ಏನನ್ನೂ ಕಟ್ಟಲಾಗದು. ಮೂರನೆಯವರ ಮಾತಿಗೆ ಬೇರೆ ಕಡೆಯಿಂದ ಬೆಂಬಲ ಬೇಕು. ಪ್ರಿಯರೇ, ನಾವು ನೀವೆಲ್ಲ ಬಹುಮಟ್ಟಿಗೆ ಮೂರನೆಯ ಬಗೆಯವರಲ್ಲವೇ?

ಎರಡನೆಯದು, ಈ ಮಾತಿನಿಂದ ಇವನಿಗೇನು ಲಾಭ ಎಂದು ಕೇಳು. ಬಲೆಯ ಸಾಕ್ಷಿಗಳಿಗೆ ಮೊಕದ್ದಮೆ ಗೆಲ್ಲಬೇಕೆಂಬ ಆಸಕ್ತಿ ಇರುವುದರಿಂದ ಅವರ ಮಾತನ್ನು ಎಚ್ಚರದಿಂದ ಪರೀಕ್ಷಿಸಬೇಕೆಂದು 1958ರಲ್ಲೇ ಕೋರ್ಟು ಹೇಳಿತು. ಆದರೆ ಲಾಭವಿದೆ ಎಂದರೆ ಸುಳ್ಳೆಂದೇ ಅರ್ಥವಲ್ಲ. ಮನೆ ಕಳವಾದವನಿಗೆ ಕಳ್ಳ ಸಿಕ್ಕಲಿ ಎಂಬ ಆಸೆ ಇರುವುದಿಲ್ಲವೇ?

ಮೂರನೆಯದು, ಒಂದು ಸುಳ್ಳು ಸಿಕ್ಕಿತೆಂದು ಎಲ್ಲವನ್ನೂ ತಿಪ್ಪೆಗೆ ಎಸೆಯಬೇಡ. ಹೊಟ್ಟು ಹಾರಿಸಿ ಕಾಳು ಉಳಿಸಿಕೋ. ನಮ್ಮ ತಾಯಂದಿರು ಮೊರದಲ್ಲಿ ಕೇರುವುದಿಲ್ಲವೇ, ಹಾಗೆ. ಸಾಕ್ಷಿ ತಿರುಗಿಬಿದ್ದರೂ ಅವನು ಹೇಳಿದ್ದರಲ್ಲಿ ನಂಬತಕ್ಕ ಭಾಗವಿದ್ದರೆ ನ್ಯಾಯಾಲಯ ಅದನ್ನು ಬಳಸಬಹುದು. 2022ರ ಡಿಸೆಂಬರ್ 15ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ನೀರಜ್ ದತ್ತಾ ಮೊಕದ್ದಮೆಯಲ್ಲಿ ಇದೇ ದಾರಿಯಲ್ಲಿ ನಡೆಯಿತು. ಆ ತೀರ್ಪನ್ನು ಬರೆದವರು ನಮ್ಮ ಕರ್ನಾಟಕದವರೇ ಆದ ನ್ಯಾಯಮೂರ್ತಿ ಬಿ.ವಿ. ನಾಗರತ್ನ. ಕೇಳಿದ್ದು, ಪಡೆದದ್ದು, ಎರಡೂ ರುಜುವಾಗಲೇಬೇಕು. ಆದರೆ ದೂರುದಾರ ಸತ್ತುಹೋಗಿದ್ದರೆ ಅಥವಾ ತಿರುಗಿಬಿದ್ದರೆ ಅಲ್ಲಿಗೇ ಮೊಕದ್ದಮೆ ಮುಗಿಯಬೇಕಾಗಿಲ್ಲ. ಇತರರ ಸಾಕ್ಷಿಯಿಂದಲೂ ಸಂದರ್ಭಗಳಿಂದಲೂ ಅದನ್ನು ರುಜುವಾತು ಮಾಡಬಹುದು ಎಂದಿತು ಪೀಠ.

ನಾಲ್ಕನೆಯದು, ನಡುಗುವವನು ಸುಳ್ಳುಗಾರನೆಂದೂ ನೆಟ್ಟಗೆ ನಿಂತವನು ಸತ್ಯವಂತನೆಂದೂ ಎಣಿಸಬೇಡ. ಜೀವಮಾನದಲ್ಲಿ ಮೊದಲ ಸಲ ಕಟಕಟೆ ಹತ್ತಿದ ಬಡವನ ನಾಲಿಗೆ ತಡವರಿಸುತ್ತದೆ. ನೂರು ಸಲ ಹತ್ತಿದ ಅಧಿಕಾರಿಯ ನಾಲಿಗೆ ತಡವರಿಸುವುದಿಲ್ಲ. ಅದು ಅಭ್ಯಾಸದ ಮಾತು, ಸತ್ಯದ ಮಾತಲ್ಲ.

ಪವಿತ್ರ ಗ್ರಂಥದ ಸಾಕ್ಷಿಗಳು

ಈ ವಿವೇಕ ನಮಗೆ ಹೊಸದೇನಲ್ಲ. ದಾನಿಯೇಲನ ಗ್ರಂಥದ 13ನೆಯ ಅಧ್ಯಾಯದಲ್ಲಿ ಸುಸನ್ನಳ ಕಥೆಯಿದೆ. ಅವಳ ಮೇಲೆ ಸಾಕ್ಷಿ ಹೇಳಿದವರು ಊರಿನ ಹಿರಿಯರು, ಅದೂ ನ್ಯಾಯಾಧೀಶರು. ಗೌರವಸ್ಥರ ಮಾತೆಂದು ಸಭೆ ನಂಬಿತು, ಮರಣದಂಡನೆಯನ್ನೂ ವಿಧಿಸಿತು. ದಾನಿಯೇಲನು ಆ ಇಬ್ಬರನ್ನೂ ಬೇರೆ ಬೇರೆ ನಿಲ್ಲಿಸಿ ಒಂದೇ ಪ್ರಶ್ನೆ ಕೇಳಿದ: ಯಾವ ಮರದ ಕೆಳಗೆ ನೋಡಿದಿರಿ? ಒಬ್ಬ ಒಂದು ಮರದ ಹೆಸರು ಹೇಳಿದ, ಇನ್ನೊಬ್ಬ ಬೇರೊಂದರ ಹೆಸರು ಹೇಳಿದ. ಬಿಳಿಗಡ್ಡ ಗೆಲ್ಲಲಿಲ್ಲ, ಮರ ಗೆದ್ದಿತು. ದಾನಿಯೇಲನು ಅವರ ಅಂತಸ್ತನ್ನು ಲೆಕ್ಕಕ್ಕೆ ತೆಗೆದುಕೊಳ್ಳದೆ ಸಂಗತಿಯನ್ನು ಕೇಳಿದ.

ಇನ್ನು ಲಂಚ ಪಡೆದ ಸಾಕ್ಷಿಗಳೂ ಶುಭಸಂದೇಶದಲ್ಲಿದ್ದಾರೆ. ಪ್ರಭುವಿನ ಸಮಾಧಿಯನ್ನು ಕಾಯುತ್ತಿದ್ದ ಸಿಪಾಯಿಗಳಿಗೆ ಯಾಜಕರು ಹಣ ಕೊಟ್ಟು, ನಾವು ಮಲಗಿದ್ದಾಗ ಶಿಷ್ಯರು ಬಂದು ಕದ್ದೊಯ್ದರೆಂದು ಹೇಳಿಸಿದರು ಎಂದು ಸಂತ ಮತ್ತಾಯರು ಬರೆಯುತ್ತಾರೆ. ಮಲಗಿದ್ದವರು ಕದ್ದವರನ್ನು ನೋಡಿದ್ದು ಹೇಗೆ? ಸಂತ ಅಗಸ್ಟೀನರು ಈ ನಿದ್ದೆಗಣ್ಣಿನ ಸಾಕ್ಷಿಗಳನ್ನು ಚೆನ್ನಾಗಿಯೇ ಹಾಸ್ಯ ಮಾಡಿದ್ದಾರೆ. ಅದೇ ದಿನ ನಿಜವಾದ ಸಾಕ್ಷಿಗಳೂ ಇದ್ದರು. ಬರಿದಾದ ಸಮಾಧಿಯನ್ನು ಕಂಡು ಓಡಿಬಂದ ಮಗ್ದಲದ ಮರಿಯಳೂ ಇತರ ಹೆಂಗಸರೂ ಹೇಳಿದ್ದನ್ನು ಪ್ರೇಷಿತರೇ ಹುಚ್ಚುಮಾತೆಂದು ತಳ್ಳಿಹಾಕಿದರು. ಜಗತ್ತಿನ ಅತಿ ದೊಡ್ಡ ಸತ್ಯವನ್ನು ದೇವರು ಯಾರೂ ನಂಬದ ಬಾಯಿಗೆ ಒಪ್ಪಿಸಿದರು. ಇದನ್ನು ಪ್ರತಿ ಪಾಸ್ಕ ಹಬ್ಬದಲ್ಲೂ ಕೇಳುವ ನಾವು ಸಾರಾಯಿ ಮಾರುವವನ ಮಾತನ್ನು ಕೇಳಿಸಿಕೊಳ್ಳುವುದೇ ಇಲ್ಲ.

"ಕೇಳಿಸಲಿಲ್ಲ"

ನಮ್ಮ ದಫೇದಾರರ ಕಥೆ ಏನಾಯಿತು ಎಂದು ನೀವು ಕೇಳುತ್ತೀರಿ. ಕೆಲವು ವರ್ಷಗಳ ಮೇಲೆ ಅವರು ಖುಲಾಸೆಯಾದರು. ನೀರೇನೋ ಗುಲಾಬಿಯಾಗಿತ್ತು, ಆದರೆ ಕೊಟ್ಟ ಸಾಲ ವಾಪಸ್ಸು ಬಂದದ್ದು ಎಂದು ಅವರು ಹೇಳಿದ್ದರು. ದೂರುದಾರ ತನ್ನ ಮಾತಿಗೆ ಕೊನೆಯವರೆಗೂ ನಿಂತ. ಆದರೆ ಅವನ ಮಾತಿಗೆ ಬೇರೆ ಆಧಾರ ಸಿಗಲಿಲ್ಲ. ಇದ್ದ ಸಾಕ್ಷ್ಯದ ಮೇಲೆ ನ್ಯಾಯಾಲಯ ಸರಿಯಾದ ತೀರ್ಪನ್ನೇ ಕೊಟ್ಟಿತು. "ನಾನು ಆವತ್ತೇ ಹೇಳಿರಲಿಲ್ವೇ" ಎಂದು ನಾನು ಅಂಗಳದಲ್ಲಿ ಬೀಗಿದೆ. ಸಾರಾಯಿ ಅಂಗಡಿಯವನಿಗೆ ಊರಿನಲ್ಲಿ ಸುಳ್ಳುಗಾರ ಎಂಬ ಹೆಸರು ನಿಂತಿತು.

ಬಹಳ ಕಾಲದ ಮೇಲೆ, ಆ ಮೊಕದ್ದಮೆಯಲ್ಲಿ ನೆರಳು ಸಾಕ್ಷಿಯಾಗಿದ್ದ ಗುಮಾಸ್ತರು ಕಾಯಿಲೆ ಬಿದ್ದಾಗ ನಾನು ನೋಡಲು ಹೋಗಿದ್ದೆ. ಅವರು ಇಂದು ನಮ್ಮೊಂದಿಗಿಲ್ಲ. ಮಾತಿನ ನಡುವೆ ಅವರೇ ಹೇಳಿದರು: "ಮೇಷ್ಟ್ರೇ, ದಫೇದಾರ್ರು ದುಡ್ಡು ಕೇಳಿದ್ದು ನನ್ನ ಕಿವೀಲಿ ಇವತ್ತೂ ಇದೆ. ಕೋರ್ಟಲ್ಲಿ ಕೇಳಿಸಲಿಲ್ಲ ಅಂದ್ಬಿಟ್ಟೆ. ಅವರ ಮಗಳ ಮದುವೆ ಗೊತ್ತಾಗಿತ್ತು. ಒಂದು ಮನೆ ಹಾಳು ಮಾಡೋದು ಬೇಡ ಅನ್ನಿಸ್ತು. ನಾನೇನೂ ಸುಳ್ಳು ಹುಟ್ಟಿಸಲಿಲ್ಲ, ಕೇಳಿಸಲಿಲ್ಲ ಅಂದೆ ಅಷ್ಟೇ."

ಅಷ್ಟೇ! ಆ ಗುಮಾಸ್ತರು ಲಂಚ ಮುಟ್ಟಿದವರಲ್ಲ. ಕರುಣೆಯಿಂದ ಹಾಗೆ ಮಾಡಿದರು. ಆದರೆ ಒಂದು ಮನೆಯನ್ನು ಉಳಿಸಲು ಹೋಗಿ ಇನ್ನೊಬ್ಬನ ಹೆಸರನ್ನು ಅವನಿಗೆ ಗೊತ್ತಿಲ್ಲದಂತೆ ತೆತ್ತರು. ಎಂಟನೆಯ ಕಟ್ಟಳೆಯನ್ನು ಮುರಿಯಲು ದ್ವೇಷವೇ ಬೇಕಿಲ್ಲ, ತಪ್ಪಿದ ಕನಿಕರವೂ ಸಾಕು. ನನ್ನ ತಪ್ಪು ಅದಕ್ಕಿಂತ ಕಡಿಮೆಯದಲ್ಲ. ಅವರು ಕೇಳಿದ್ದನ್ನು ಕೇಳಿಸಲಿಲ್ಲ ಎಂದರು. ನಾನು ಏನನ್ನೂ ಕೇಳದೆಯೇ ಎಲ್ಲ ಗೊತ್ತು ಎಂದೆ. ಅಂಗಡಿಯವನ ಕ್ಷಮೆ ಕೇಳಬೇಕೆಂದು ಆ ಬೀದಿಗೆ ಹೋದೆ. ಅವನು ತೀರಿಕೊಂಡು ಎರಡು ವರ್ಷವಾಗಿತ್ತು.

ಇಲ್ಲಿ ಒಂದು ಕಠಿಣ ಪ್ರಶ್ನೆಯಿದೆ. ನೆರೆಯವನ ನಡತೆಗೆ ಸಾಧ್ಯವಾದಷ್ಟೂ ಒಳ್ಳೆಯ ಅರ್ಥವನ್ನೇ ಕೊಡಬೇಕು, ಆತುರದ ತೀರ್ಪು ಪಾಪ ಎಂದು ಧರ್ಮಸಭೆ ಕಲಿಸುತ್ತದೆ. 1992ರ ಕಥೋಲಿಕ ಧರ್ಮೋಪದೇಶ ಗ್ರಂಥದಲ್ಲೂ ಈ ಬೋಧನೆಯಿದೆ. ಹಾಗಾದರೆ ದಫೇದಾರರನ್ನು ನಿರಪರಾಧಿ ಎಂದು ಭಾವಿಸಿದ್ದು ತಪ್ಪೇ? ಅಲ್ಲ. ನಿರಪರಾಧಿ ಎಂದು ಭಾವಿಸುವುದು ಸರಿ. ಆದರೆ ದೂರುದಾರನೂ ನೆರೆಯವನೇ. ರುಜುವಾಗುವ ತನಕ ಆರೋಪಿ ತಪ್ಪಿತಸ್ಥನಲ್ಲ ಎಂದ ಮೇಲೆ, ರುಜುವಾಗುವ ತನಕ ದೂರುದಾರನೂ ಸುಳ್ಳುಗಾರನಲ್ಲ. ಖುಲಾಸೆ ಎಂದರೆ ಅಪರಾಧ ರುಜುವಾಗಲಿಲ್ಲ ಎಂದು ಅರ್ಥ, ದೂರು ಸುಳ್ಳು ಎಂದು ಅರ್ಥವಲ್ಲ. ನ್ಯಾಯಾಧೀಶರಿಗೆ ತೀರ್ಪು ಕೊಡದೆ ಗತ್ಯಂತರವಿಲ್ಲ. ನಮಗೆ ಆ ಹೊಣೆಯಿಲ್ಲ. "ನನಗೆ ಗೊತ್ತಿಲ್ಲ" ಎಂದು ಪ್ರಾಮಾಣಿಕವಾಗಿ ಹೇಳುವುದು ನಮ್ಮ ಅಂಗಳದಲ್ಲಿ ಬಹಳ ಅಪರೂಪದ ಸದ್ಗುಣ. ಗೊತ್ತಿದ್ದವನು ಮಾತ್ರ ಕಟಕಟೆಯಲ್ಲಿ ಹಾಗೆ ಹೇಳಕೂಡದು.

ನಮ್ಮನ್ನೇ ಕೇಳಿಕೊಳ್ಳೋಣ

ಸಾಕ್ಷಿ ಹೇಳುವುದು ಸುಲಭವಲ್ಲ ಎಂದು ನನಗೆ ಗೊತ್ತು. ಕೆಲಸ ಬಿಟ್ಟು ಅಲೆಯಬೇಕು, ಬೆದರಿಕೆಯೂ ಬರಬಹುದು. 2018ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಸಾಕ್ಷಿಗಳ ರಕ್ಷಣೆಯ ಯೋಜನೆಯೊಂದನ್ನು ಒಪ್ಪಿ ದೇಶಕ್ಕೆಲ್ಲ ಅನ್ವಯಿಸಿತು. ಬೆದರಿಕೆಯಿದ್ದವರು ಅದರಡಿ ರಕ್ಷಣೆ ಕೇಳಬಹುದು. ಅದೇ ವರ್ಷದ ಕಾನೂನು ತಿದ್ದುಪಡಿಯಿಂದ ಲಂಚ ಕೊಡುವುದೂ ನೇರವಾಗಿ ಅಪರಾಧವಾಗಿದೆ. ಆದರೆ ಬಲವಂತಕ್ಕೆ ಸಿಕ್ಕಿ ಕೊಟ್ಟವನು 7 ದಿನಗಳೊಳಗೆ ಪೊಲೀಸರಿಗೋ ತನಿಖಾ ಸಂಸ್ಥೆಗೋ ತಿಳಿಸಿದರೆ ಅವನಿಗೆ ವಿನಾಯಿತಿಯಿದೆ. ಆದುದರಿಂದ ಕೊಟ್ಟು ಬಂದು ಮನೆಯಲ್ಲಿ ಗೊಣಗುವವರು ಆ 7 ದಿನಗಳನ್ನು ನೆನಪಿಡಬೇಕು.

ನಮ್ಮ ಕುಟುಂಬಗಳಲ್ಲಿ ಪೊಲೀಸ್ ಕೆಲಸದಲ್ಲಿರುವ ಪ್ರಾಮಾಣಿಕರು ಅನೇಕರಿದ್ದಾರೆ. ಸ್ನಾನಿಕ ಯೊವಾನ್ನರ ಬಳಿಗೆ ಬಂದ ಸಿಪಾಯಿಗಳಿಗೆ ಅವರು ಕೆಲಸ ಬಿಡಿ ಎನ್ನಲಿಲ್ಲ. ಯಾರನ್ನೂ ಹೆದರಿಸಿ ಕೀಳಬೇಡಿ, ಸಂಬಳದಲ್ಲಿ ತೃಪ್ತರಾಗಿರಿ ಎಂಬ ಅರ್ಥದ ಮಾತು ಹೇಳಿದರು. ಖಾಕಿ ಕಂಡೊಡನೆ ಕಳ್ಳ ಎನ್ನುವುದೂ ಸುಳ್ಳುಸಾಕ್ಷಿಯೇ.

ಈ ವಾರ ರಾತ್ರಿ ಜಪಸರ ಮುಗಿದ ಮೇಲೆ ಮನೆಮಂದಿಯೆಲ್ಲ ಕುಳಿತು ಕೇಳಿಕೊಳ್ಳೋಣ. ನೋಡದಿದ್ದುದನ್ನು ನೋಡಿದವರಂತೆ ಯಾರ ವಿಷಯದಲ್ಲಾದರೂ ಹೇಳಿದ್ದೇವೆಯೇ? ಹೇಳಿದವನ ಕಸುಬು, ಜಾತಿ, ಬಟ್ಟೆ ನೋಡಿ ಮಾತನ್ನು ತಳ್ಳಿದ್ದೇವೆಯೇ? ನಮ್ಮವರು ಎಂಬ ಕಾರಣಕ್ಕೆ ಕೇಳಿದ್ದನ್ನು ಕೇಳಿಸಲಿಲ್ಲ ಎಂದಿದ್ದೇವೆಯೇ? ಹಾಗೆ ಯಾರ ಹೆಸರನ್ನಾದರೂ ಕೆಡಿಸಿದ್ದರೆ, ಪಾಪನಿವೇದನೆ ಮಾಡಿದ ಮೇಲೂ ಒಂದು ಕೆಲಸ ಬಾಕಿ ಉಳಿಯುತ್ತದೆ. ಕೆಡಿಸಿದ ಅಂಗಳದಲ್ಲೇ ನಿಂತು ಅದನ್ನು ಸರಿಪಡಿಸಬೇಕು.

ನಾನು ಅದನ್ನು ತಡವಾಗಿ ಮಾಡಿದೆ. ಒಂದು ಭಾನುವಾರ ಪೂಜೆಯ ನಂತರ, ಅದೇ ಅಂಗಳದಲ್ಲಿ, ಗುಮಾಸ್ತರ ಹೆಸರನ್ನಾಗಲಿ ಅವರ ಮಾತನ್ನಾಗಲಿ ಎತ್ತದೆ, "ಆ ಅಂಗಡಿಯವನನ್ನು ಸುಳ್ಳುಗಾರ ಅಂದೆನಲ್ಲ, ಹಾಗನ್ನೋ ಆಧಾರ ನನಗೆ ಏನೂ ಇರಲಿಲ್ಲ" ಎಂದೆ. ಕೆಲವರಿಗೆ ಯಾರ ಮಾತೆಂದು ನೆನಪೇ ಆಗಲಿಲ್ಲ. ಹಿಂದೆ ನಿಂತಿದ್ದ ಒಬ್ಬ ಹೆಂಗಸು ಮಾತ್ರ ಸೆರಗಿನಿಂದ ಕಣ್ಣೊರೆಸಿಕೊಂಡಳು. ಅವಳು ಅವನ ಅಂಗಡಿಯ ಮುಂದೆ ಕಡಲೆಕಾಯಿ ಮಾರುತ್ತಿದ್ದವಳಂತೆ. "ಅಣ್ಣ ಯಾವತ್ತೂ ಅದನ್ನೇ ಹೇಳ್ತಿದ್ರು ಮೇಷ್ಟ್ರೇ, ನಾನು ನಿಜ ಹೇಳ್ದೆ, ಯಾರೂ ಕೇಳಲಿಲ್ಲ ಅಂತ" ಎಂದಳು.

ಪ್ರಿಯ ಓದುಗರೇ, ನಿಮಗೆ ಕ್ಷಮೆ ಕೇಳಬೇಕಾದವರು ಇನ್ನೂ ಬದುಕಿದ್ದರೆ, ಇವತ್ತೇ ಹೋಗಿ.